ಅಮ್ಮ ಈಗ ಖಾಯಂ. ಹಿಂದಿನ 17 ವರ್ಷ ಲೆಕ್ಕಕ್ಕೆ ಬರುತ್ತಾ?

ನಿಮ್ಮ ಪ್ರಶ್ನೆ ಇಷ್ಟು, ಅಲ್ವಾ? ಅಮ್ಮ ಬೆಂಗಳೂರಿನಲ್ಲಿ ಪೌರಕಾರ್ಮಿಕರು. ಗುತ್ತಿಗೆಯಲ್ಲಿ, ಆಮೇಲೆ ನೇರಪಾವತಿಯಲ್ಲಿ (ಗುತ್ತಿಗೆದಾರನಿಲ್ಲದೆ ಪಾಲಿಕೆಯೇ ಸಂಬಳ ಕೊಡುವುದು), ಒಟ್ಟು 17 ವರ್ಷ ದುಡಿದಿದ್ದಾರೆ. 2025ರ ಮೇ 1ರಂದು ಖಾಯಂ ಆದೇಶ ಪಡೆದ 12,692 ಜನರಲ್ಲಿ ಅವರೂ ಒಬ್ಬರು. ಇನ್ನು ಮೇಲೆ ಅವರನ್ನು ಉಳಿದ ಖಾಯಂ ನೌಕರರ ಹಾಗೇ ನೋಡುತ್ತಾರಾ, ಹಳೆ ಸೇವೆ ಸಿಗುತ್ತಾ ಅಂತ ಕೇಳಿದ್ದೀರಿ.

ನಾನು ವಕೀಲನಲ್ಲ, ಇದೇ ದಾರಿಯಲ್ಲಿ ಬಂದವನು. 1995ರಲ್ಲಿ ಒಂದು ಸರ್ಕಾರಿ ಕಚೇರಿಗೆ ದಿನಗೂಲಿ ಟೈಪಿಸ್ಟ್ ಆಗಿ ಸೇರಿದೆ. ಅಲ್ಲಿ ಹಾಜರಿ ಪುಸ್ತಕ ಎರಡಿತ್ತು. ಖಾಯಂ ನೌಕರರದ್ದು ಸಾಹೇಬರ ಟೇಬಲ್ ಮೇಲೆ, ನಮ್ಮದು, ಅಂದರೆ ದಿನಗೂಲಿಗಳ ಎನ್.ಎಂ.ಆರ್. ಪುಸ್ತಕ, ಜವಾನನ ಸ್ಟೂಲ್ ಮೇಲೆ. ಆಗಾಗ ಒಂದೆರಡು ದಿನ ನಮ್ಮ ಹೆಸರಿನ ಮುಂದೆ ಖಾಲಿ ಬಿಡುತ್ತಿದ್ದರು. ಕೆಲಸಕ್ಕೆ ಬಂದಿರುತ್ತಿದ್ದೆವು, ಪುಸ್ತಕದಲ್ಲಿ ಮಾತ್ರ ಬಂದಿರುತ್ತಿರಲಿಲ್ಲ. ಸತತ ಸೇವೆ ಅಂತ ನಾಳೆ ಯಾರೂ ಕೇಳಬಾರದಲ್ಲ!

2011ರಲ್ಲಿ ಸಕ್ರಮ ಆಯಿತು, ಅಂದರೆ ನಾನು ಖಾಯಂ ಆದೆ. ಮನೆಯಲ್ಲಿ ಹೋಳಿಗೆ ಮಾಡಿದ್ದರು. ಆದೇಶದಲ್ಲಿದ್ದ ‘ಈ ಆದೇಶದ ದಿನಾಂಕದಿಂದ ಜಾರಿಗೆ ಬರುವಂತೆ’ ಅನ್ನೋ ಸಾಲನ್ನು ಆವತ್ತು ಯಾರೂ ಓದಲಿಲ್ಲ. ಆ ಸಾಲು ನನ್ನ 16 ವರ್ಷ ನುಂಗಿತ್ತು.

ಈ ಸಕ್ರಮದ ಕಥೆಗೆಲ್ಲ ಮೂಲ 2006ರ ಏಪ್ರಿಲ್ 10ರ ಉಮಾದೇವಿ ತೀರ್ಪು. ನಮ್ಮ ರಾಜ್ಯದ್ದೇ ಕೇಸು, ವಾಣಿಜ್ಯ ತೆರಿಗೆ ಇಲಾಖೆಯ ದಿನಗೂಲಿ ನೌಕರರದ್ದು. ನೇಮಕಾತಿ ನಿಯಮ ಬಿಟ್ಟು ಬಂದವರಿಗೆ ಖಾಯಂ ಆಗುವ ಹಕ್ಕಿಲ್ಲ ಎಂದಿತು ಸುಪ್ರೀಂ ಕೋರ್ಟ್. ಆದರೆ ಮಂಜೂರಾದ ಹುದ್ದೆಯಲ್ಲಿ, ಕೋರ್ಟಿನ ತಡೆಯಾಜ್ಞೆಯ ಆಸರೆ ಇಲ್ಲದೆ, 10 ವರ್ಷ ದುಡಿದ ಅರ್ಹರನ್ನು ಒಂದು ಸಲ ಸಕ್ರಮ ಮಾಡಿ ಎಂದೂ ಹೇಳಿತು. ಕಚೇರಿಗಳು ಮೊದಲರ್ಧವನ್ನು ಜೋರಾಗಿ ಓದಿದವು, ಉಳಿದರ್ಧಕ್ಕೆ ದನಿ ಇಳಿಸಿದವು. ಅದೇ ತಿಂಗಳ 1ರಿಂದ ರಾಜ್ಯದಲ್ಲಿ ಹೊಸ ಪಿಂಚಣಿ ಯೋಜನೆಯೂ (ಎನ್‌ಪಿಎಸ್) ಜಾರಿಯಾಗಿತ್ತು. ಹಾಗಾಗಿ ನಮ್ಮಂಥವರು ಖಾಯಂ ಆಗಿ ಬಿದ್ದದ್ದು ನೇರ ಎನ್‌ಪಿಎಸ್‌ಗೆ.

ಈಗ ಅಮ್ಮನ ವಿಷಯ. ಆದೇಶದ ದಿನದಿಂದ ವೇತನ ಶ್ರೇಣಿ, ತುಟ್ಟಿಭತ್ಯೆ, ರಜೆ, ವರ್ಷದ ಇನ್‌ಕ್ರಿಮೆಂಟ್ ಎಲ್ಲದರಲ್ಲೂ ಅವರು ಉಳಿದ ಖಾಯಂ ನೌಕರರಿಗೆ ಸಮ. ಇದರಲ್ಲಿ ಯಾರಾದರೂ ಕೊಕ್ಕೆ ಹಾಕಿದರೆ ಸುಮ್ನೆ ಇರಬೇಡಿ, ಲಿಖಿತವಾಗಿ ಕೇಳಿ.

ಜ್ಯೇಷ್ಠತೆ ಮಾತ್ರ ಹಿಂದಿನಿಂದ ಸಿಗುವುದು ಬಹಳ ಕಷ್ಟ. ನಾನು ಖಾಯಂ ಆಗುವ ಒಂದು ವರ್ಷ ಮೊದಲು, ಕೆಪಿಎಸ್‌ಸಿ ಪರೀಕ್ಷೆ ಬರೆದು ಬಂದ 23ರ ಹುಡುಗ ಪಟ್ಟಿಯಲ್ಲಿ ನನಗಿಂತ ಮೇಲಿದ್ದ. ಫೈಲ್ ಕಟ್ಟುವುದನ್ನು ಅವನಿಗೆ ಕಲಿಸಿದ್ದು ನಾನೇ. ಹೊಟ್ಟೆ ಉರಿಯಿತು, ಸುಳ್ಳು ಹೇಳಲ್ಲ. ಆದರೆ ಅವನು ಪೈಪೋಟಿಯಲ್ಲಿ ಗೆದ್ದು ಬಂದವನು. ಅದನ್ನು ತಪ್ಪು ಅನ್ನಲಾರೆ.

ಪಿಂಚಣಿಯ ವಿಷಯದಲ್ಲಿ ಮಾತ್ರ ನಾನು ಈಗಲೂ ಜಗಳಕ್ಕೆ ಸಿದ್ಧ. 2019ರ ಪ್ರೇಮ್ ಸಿಂಗ್ ಪ್ರಕರಣದಲ್ಲಿ ಉತ್ತರ ಪ್ರದೇಶದ ವರ್ಕ್ ಚಾರ್ಜ್ ನೌಕರರ (ಕಾಮಗಾರಿಯ ಲೆಕ್ಕದಲ್ಲಿ ಸಂಬಳ ಪಡೆಯುವವರು) ಹಳೆ ಸೇವೆಯನ್ನು ಪಿಂಚಣಿಗೆ ಸೇರಿಸಿ ಎಂದಿತು ಸುಪ್ರೀಂ ಕೋರ್ಟ್. 2024ರ ಡಿಸೆಂಬರ್ 20ರ ಜಗ್ಗೋ ತೀರ್ಪು ಕೇಂದ್ರ ಜಲ ಆಯೋಗದಲ್ಲಿ ಕಸ ಗುಡಿಸುತ್ತಿದ್ದವರು, ತೋಟದ ಕೆಲಸದವರ ಬಗ್ಗೆ. ಕೆಲಸದಿಂದ ತೆಗೆದಿದ್ದ ಅವರನ್ನು ಸಕ್ರಮ ಮಾಡಿ, ಹೊರಗಿದ್ದ ಕಾಲಕ್ಕೆ ಸಂಬಳ ಬೇಡ, ಆದರೆ ನಿವೃತ್ತಿ ಸೌಲಭ್ಯಕ್ಕೆ ಆ ಕಾಲವನ್ನೂ ಎಣಿಸಿ ಎಂದಿತು. ಇವೆರಡೂ ಅಮ್ಮನಿಗೆ ತಾನಾಗಿ ಅನ್ವಯ ಆಗಲ್ಲ. ಒಬ್ಬರೇ ಅಲೆಯುವುದಕ್ಕಿಂತ ಸಂಘದ ಮೂಲಕ ಕೇಳುವುದು ಮೇಲು. ಅಮ್ಮನದು ಎನ್‌ಪಿಎಸ್ ಆಗಿದ್ದರೆ ಇನ್ನೊಂದು ತೊಡಕಿದೆ. ಅಲ್ಲಿ ಬೆಲೆ ವರ್ಷಕ್ಕಲ್ಲ, ಜಮೆಯಾದ ದುಡ್ಡಿಗೆ. ಐವತ್ತು ದಾಟಿ ಖಾಯಂ ಆದವರಿಗೆ ಅಲ್ಲಿ ಎಷ್ಟು ತಾನೇ ಸೇರೀತು?

ಅದಕ್ಕೇ ಮೊದಲು ಹಳೆ ಪಿಎಫ್ ಹುಡುಕಿ. ಟೆಂಡರ್ ಬದಲಾದಾಗ ಗುತ್ತಿಗೆದಾರ ಬದಲಾಗಿರುತ್ತಾನೆ, ಪಿಎಫ್ ನಂಬರೂ ಬದಲಾಗಿರುತ್ತೆ. ಎಲ್ಲವನ್ನೂ ಒಂದೇ ಯುಎಎನ್‌ಗೆ (ಕೆಲಸ ಬದಲಾದರೂ ಬದಲಾಗದ ಪಿಎಫ್ ಸಂಖ್ಯೆ) ಸೇರಿಸಿ. ಪಿಎಫ್‌ನ ಪಿಂಚಣಿ ಯೋಜನೆಯಲ್ಲಿ 10 ವರ್ಷ ತುಂಬಿದ್ದರೆ 58ಕ್ಕೆ ತಿಂಗಳ ಪಿಂಚಣಿ ಬರುತ್ತೆ. ಜಾಸ್ತಿ ಏನಲ್ಲ, ಆದರೆ ಆ 17 ವರ್ಷದಿಂದ ಕೈಗೆ ಸಿಗುವ ಗಟ್ಟಿ ಕಾಸು ಅದೊಂದೇ ಇರಬಹುದು. ಖಾಯಂ ಆಯ್ತಲ್ಲ ಅಂತ ಅದನ್ನು ಬಿಡಿಸಿಕೊಳ್ಳಬೇಡಿ.

ಹಳೆ ಐಡಿ ಕಾರ್ಡು, ಇಎಸ್‌ಐ ಕಾರ್ಡು, ಬ್ಯಾಂಕ್ ಪಾಸ್‌ಬುಕ್ ಎಸೆಯಬೇಡಿ. ನಮ್ಮ ಕಚೇರಿಯ ಎನ್.ಎಂ.ಆರ್. ಪುಸ್ತಕಗಳು ರದ್ದಿಗೆ ಹೋಗುವ ಹಿಂದಿನ ದಿನ ಜವಾನ ಪಿಸುಗುಟ್ಟಿದ್ದಕ್ಕೆ ನಾನು ಜೆರಾಕ್ಸ್ ಮಾಡಿಸಿಕೊಂಡೆ.

ಇನ್ನೊಂದು, ಬೇಗ ಮಾಡಬೇಕಾದ್ದು. ಅಮ್ಮನ ಸೇವಾ ಪುಸ್ತಕದಲ್ಲಿ ಹುಟ್ಟಿದ ದಿನಾಂಕ ಏನು ಬರೆದಿದ್ದಾರೆ ಅಂತ ಕಣ್ಣಾರೆ ನೋಡಿ. ಶಾಲೆಗೆ ಹೋಗದವರ ವಯಸ್ಸನ್ನು ಅಂದಾಜಿನಲ್ಲಿ ಹಾಕಿರುವುದುಂಟು. ನಿವೃತ್ತಿ ಅದರ ಪ್ರಕಾರವೇ. ಎರಡು ವರ್ಷ ಹೆಚ್ಚು ಬರೆದಿದ್ದರೆ ಎರಡು ವರ್ಷದ ಸಂಬಳ ಹೋದ ಹಾಗೇ.