ಪ್ರಶ್ನೋತ್ತರ: ಆಟ ತಡವರಿಸುವುದೇಕೆ, ಯಾವ ಸೆಟ್ಟಿಂಗ್ ಇಳಿಸಬೇಕು?

ಮಳೆ ಹಿಡಿದು ಹೊರಗೆ ಕಾಲಿಡಲಾಗದ ದಿನಗಳಲ್ಲಿ ಕೊಡಗಿನ ಮನೆಗಳಲ್ಲಿ ಕಂಪ್ಯೂಟರ್ ಆಟಗಳಿಗೆ ಬಿಡುವೇ ಇರುವುದಿಲ್ಲವೆಂದು ಕಾಣುತ್ತದೆ. ಈ ಸಲ ಜಿಲ್ಲೆಯ ಬೇರೆ ಬೇರೆ ಊರುಗಳಿಂದ ಬಂದ ಪತ್ರಗಳಲ್ಲಿ ಹೆಚ್ಚಿನವು ಫ್ರೇಮ್ ರೇಟ್ (ಸೆಕೆಂಡಿಗೆ ಎಷ್ಟು ಚಿತ್ರಗಳು ಪರದೆಯ ಮೇಲೆ ಮೂಡುತ್ತವೆ ಎಂಬ ಲೆಕ್ಕ, ಅಂದರೆ ಎಫ್‌ಪಿಎಸ್) ಮತ್ತು ಗ್ರಾಫಿಕ್ಸ್ ಸೆಟ್ಟಿಂಗ್‌ಗಳನ್ನು ಕುರಿತೇ ಇದ್ದುದರಿಂದ ಅವನ್ನು ಒಟ್ಟಿಗೆ ತೆಗೆದುಕೊಂಡಿದ್ದೇನೆ. ಗೋಣಿಕೊಪ್ಪದ ಪತ್ರಕ್ಕೆ ಕೊಟ್ಟಿರುವ ಉತ್ತರವನ್ನು ಉಳಿದವರೂ ಮೊದಲು ಓದಬೇಕೆಂದು ಕೋರುತ್ತೇನೆ. ಮುಂದಿನ ಉತ್ತರಗಳು ಅದನ್ನೇ ಆಧರಿಸಿವೆ.

ಪ್ರಶ್ನೆ: ನನ್ನ ಲ್ಯಾಪ್‌ಟಾಪ್‌ನಲ್ಲಿ ಜಿಟಿಎಕ್ಸ್ 1650 ಗ್ರಾಫಿಕ್ಸ್ ಮತ್ತು 8 ಜಿಬಿ ರ್‍ಯಾಮ್ ಇದೆ. ಆಟ ಶುರುವಾದಾಗ 60ರ ಮೇಲಿರುವ ಎಫ್‌ಪಿಎಸ್ ಸ್ವಲ್ಪ ಹೊತ್ತಿನಲ್ಲೇ 40ಕ್ಕೆ ಇಳಿಯುತ್ತದೆ. ಆಟದೊಳಗೆ ಜನ, ವಾಹನ ತುಂಬಿದ ಪೇಟೆಗೆ ಹೋದರಂತೂ ಚಿತ್ರ ತಡೆದು ತಡೆದು ಬರುತ್ತದೆ. ಎಲ್ಲವನ್ನೂ ‘ಲೋ’ಗೆ ಇಳಿಸಿದರೂ ವ್ಯತ್ಯಾಸ ಕಾಣಲಿಲ್ಲ. ಏನು ಮಾಡಲಿ?
– ಎಂಜಿನಿಯರಿಂಗ್ ವಿದ್ಯಾರ್ಥಿ, ಗೋಣಿಕೊಪ್ಪ

ಉತ್ತರ: ಎಲ್ಲವನ್ನೂ ಇಳಿಸಿದರೂ ವ್ಯತ್ಯಾಸವಾಗಲಿಲ್ಲ ಎಂಬ ನಿಮ್ಮ ಮಾತಿನಲ್ಲೇ ಅರ್ಧ ಉತ್ತರವಿದೆ. ಪರದೆಯ ಮೇಲೆ ಮೂಡುವ ಪ್ರತಿಯೊಂದು ಫ್ರೇಮಿನ ಹಿಂದೆ ಎರಡು ಹಂತದ ಕೆಲಸವಿರುತ್ತದೆ: ಯಾರು ಎಲ್ಲಿ ನಿಂತಿದ್ದಾರೆ, ಯಾವ ವಾಹನ ಎತ್ತ ತಿರುಗಿತು, ಏನೇನು ಚಿತ್ರಿಸಬೇಕು ಎಂಬುದನ್ನು ಪ್ರೊಸೆಸರ್ ಲೆಕ್ಕ ಹಾಕಿ ಒಪ್ಪಿಸುತ್ತದೆ, ಅದನ್ನು ಗ್ರಾಫಿಕ್ಸ್ ಚಿಪ್ ಚಿತ್ರವಾಗಿಸುತ್ತದೆ. ಸೆಕೆಂಡಿಗೆ 60 ಫ್ರೇಮ್ ಬೇಕೆಂದರೆ ಒಂದೊಂದು ಫ್ರೇಮಿಗೆ ಸಿಗುವ ಕಾಲ 16.7 ಮಿಲಿಸೆಕೆಂಡ್ ಮಾತ್ರ. 30 ಸಾಕೆಂದರೆ 33.3 ಮಿಲಿಸೆಕೆಂಡ್. ಇಬ್ಬರಲ್ಲಿ ಯಾರು ತಡವಾದರೂ ಫ್ರೇಮ್ ತಡವಾಗುತ್ತದೆ. ಕಾಫಿ ಹಣ್ಣು ಕೊಯ್ದು ತರುವವರು ತಡಮಾಡಿದರೆ ಅದರ ಸಿಪ್ಪೆ ಬಿಡಿಸುವ ಪಲ್ಪರ್ ಯಂತ್ರ ಎಷ್ಟೇ ಚುರುಕಾಗಿದ್ದರೂ ಖಾಲಿ ತಿರುಗಬೇಕಾಗುತ್ತದಲ್ಲ, ಹಾಗೆ. ಗ್ರಾಫಿಕ್ಸ್ ಮೆನುವಿನಲ್ಲಿರುವ ಆಯ್ಕೆಗಳಲ್ಲಿ ಬಹುಪಾಲು ಚಿತ್ರಿಸುವ ಚಿಪ್ಪಿನ ಹೊರೆಯನ್ನಷ್ಟೇ ಇಳಿಸುತ್ತವೆ. ತಡಮಾಡುತ್ತಿರುವುದು ಪ್ರೊಸೆಸರ್ ಆಗಿದ್ದರೆ ಅವನ್ನು ಎಷ್ಟು ಇಳಿಸಿದರೂ ಚಿತ್ರ ಕೆಡುತ್ತದೆಯೇ ಹೊರತು ವೇಗ ಬರುವುದಿಲ್ಲ.

ಇದನ್ನು ಊಹೆಗೆ ಬಿಡದೆ ಪರೀಕ್ಷಿಸಿ. ವಿಂಡೋಸ್‌ನಲ್ಲಿ ವಿಂಡೋಸ್ ಕೀ ಮತ್ತು ಜಿ ಅಕ್ಷರವನ್ನು ಒಟ್ಟಿಗೆ ಒತ್ತಿದರೆ ಬರುವ ಗೇಮ್ ಬಾರ್‌ನಲ್ಲಿ ಎಫ್‌ಪಿಎಸ್, ಪ್ರೊಸೆಸರ್ ಮತ್ತು ಗ್ರಾಫಿಕ್ಸ್ ಬಳಕೆ ಮೂರೂ ಕಾಣುತ್ತವೆ. ಪೇಟೆಯ ಅದೇ ಬೀದಿಯಲ್ಲಿ ನಿಂತು, ಬೇರೇನನ್ನೂ ಮುಟ್ಟದೆ, ರೆಸಲ್ಯೂಷನ್ ಒಂದನ್ನೇ 1920×1080ರಿಂದ 1280×720ಕ್ಕೆ ಇಳಿಸಿ ನೋಡಿ. ಚಿತ್ರಿಸಬೇಕಾದ ಚುಕ್ಕಿಗಳು ಸುಮಾರು 20.7 ಲಕ್ಷದಿಂದ 9.2 ಲಕ್ಷಕ್ಕೆ ಇಳಿಯುವುದರಿಂದ, ಗ್ರಾಫಿಕ್ಸ್ ಚಿಪ್ಪೇ ಸೋಲುತ್ತಿದ್ದರೆ ಎಫ್‌ಪಿಎಸ್ ಎದ್ದು ಕಾಣುವಷ್ಟು ಏರಬೇಕು. ಏರದಿದ್ದರೆ ತೊಂದರೆ ಪ್ರೊಸೆಸರ್‌ನದು, ಇಲ್ಲವೇ ಅದಕ್ಕೆ ಆಧಾರವಾದ ರ್‍ಯಾಮ್‌ನದು. ಪ್ರೊಸೆಸರ್ ಬಳಕೆ ಶೇ 40 ಎಂದು ಕಂಡ ಮಾತ್ರಕ್ಕೆ ಅದಕ್ಕೆ ಬಿಡುವಿದೆಯೆಂದು ತಿಳಿಯಬೇಡಿ. ಅದು ಎಲ್ಲ ಕೋರ್‌ಗಳ (ಪ್ರೊಸೆಸರ್‌ನೊಳಗೆ ಲೆಕ್ಕ ಹಾಕುವ ಘಟಕಗಳ) ಸರಾಸರಿ, ಆಟದ ಮುಖ್ಯ ಕೆಲಸವೆಲ್ಲ ಒಂದೆರಡು ಕೋರ್‌ಗಳ ಮೇಲೆ ಬಿದ್ದು ಅವು ಪೂರ್ತಿ ದಣಿದಿರಬಹುದು. ಹೀಗಾದಾಗ ಇಳಿಸಬೇಕಾದದ್ದು ಜನಸಂದಣಿ, ವಾಹನ ಸಂಚಾರ ಮತ್ತು ದೂರದ ವಸ್ತುಗಳು ಎಲ್ಲಿಯವರೆಗೆ ಕಾಣಬೇಕೆಂಬ ಆಯ್ಕೆಗಳನ್ನು. ಪ್ರೊಸೆಸರ್‌ಗೆ ನೇರವಾಗಿ ತಾಗುವಂಥವು ಇವೇ.

ಆದರೆ ಆರಂಭದಲ್ಲಿ ಚೆನ್ನಾಗಿದ್ದು ಆಮೇಲೆ ಇಳಿಯುತ್ತದೆ ಎಂದಿದ್ದೀರಿ. ಅದು ಶಾಖದ ಲಕ್ಷಣ. ಲ್ಯಾಪ್‌ಟಾಪ್ ಪ್ರೊಸೆಸರ್ 95ರಿಂದ 100 ಡಿಗ್ರಿ ಸೆಲ್ಸಿಯಸ್ ಮುಟ್ಟುತ್ತಿದ್ದಂತೆ ತನ್ನನ್ನು ಉಳಿಸಿಕೊಳ್ಳಲು ವೇಗ ತಗ್ಗಿಸಿಕೊಳ್ಳುತ್ತದೆ. ಕೊಡಗಿನ ತಂಪಿನಲ್ಲಿ ಶಾಖ ಹೇಗೆ ಬಂದೀತು ಎಂದು ಕೇಳುವವರಿದ್ದಾರೆ. ನಾನು ಕಂಡಂತೆ ಇಲ್ಲಿ ಅದಕ್ಕೆ ಸಾಮಾನ್ಯ ಕಾರಣ ಹಾಸಿಗೆ. ಮಳೆಗಾಲದ ಚಳಿಗೆ ಕಂಬಳಿ ಹೊದ್ದು, ಅದರ ಮೇಲೆಯೇ ಲ್ಯಾಪ್‌ಟಾಪ್ ಇಟ್ಟುಕೊಂಡು ಆಡಿದರೆ ತಳದ ಗಾಳಿಕಿಂಡಿಗಳು ಪೂರ್ತಿ ಮುಚ್ಚಿಹೋಗುತ್ತವೆ. ಬಿಚ್ಚಿ ನೋಡಿದರೆ ಫ್ಯಾನಿನ ಬಾಯಿಗೆ ಕಂಬಳಿಯ ನೂಲು, ಧೂಳು, ತೇವ ಸೇರಿ ಗಟ್ಟಿಯಾದ ಪದರವೊಂದು ಅಂಟಿಕೊಂಡಿರುತ್ತದೆ. ಲ್ಯಾಪ್‌ಟಾಪನ್ನು ಮೇಜಿನ ಮೇಲಿಟ್ಟು ಹಿಂಬದಿಯನ್ನು ಒಂದೆರಡು ಇಂಚು ಎತ್ತರಿಸಿ, ಫ್ಯಾನ್ ಸ್ವಚ್ಛ ಮಾಡಿಸಿ. ಸೆಟ್ಟಿಂಗ್ ಮುಟ್ಟುವ ಮೊದಲೇ ಇದನ್ನು ಮಾಡಬೇಕು, ಇಲ್ಲವಾದರೆ ನೀವು ಅಳೆಯುವ ಒಂದು ಸಂಖ್ಯೆಯೂ ನಂಬಲು ಅರ್ಹವಾಗಿರುವುದಿಲ್ಲ.

ಎರಡನೆಯದು ರ್‍ಯಾಮ್. ಟಾಸ್ಕ್ ಮ್ಯಾನೇಜರ್‌ನ ಮೆಮೊರಿ ಪುಟದಲ್ಲಿ ಎರಡು ಸ್ಲಾಟ್‌ಗಳಲ್ಲಿ ಒಂದಷ್ಟೇ ಬಳಕೆಯಲ್ಲಿದೆ ಎಂದು ಬಂದರೆ, ಅದೇ ಬಗೆಯ ಇನ್ನೊಂದು 8 ಜಿಬಿ ಸ್ಟಿಕ್ ಹಾಕಿಸಿ. ಪ್ರೊಸೆಸರ್‌ಗೆ ಮಾಹಿತಿ ಹರಿಯುವ ದಾರಿ ಒಂದಿದ್ದದ್ದು ಎರಡಾಗುತ್ತದೆ, ಇಂದಿನ ಆಟಗಳಿಗೆ ಸಾಲದ 8 ಜಿಬಿ 16 ಆಗುತ್ತದೆ. ನಿಮ್ಮ ಬಳಿ ಖರ್ಚು ಮಾಡಲು ಸ್ವಲ್ಪವೇ ಹಣವಿದ್ದರೆ ಅದು ಹೋಗಬೇಕಾದದ್ದು ಇಲ್ಲಿಗೇ ಎಂದು ನಾನು ನಿಸ್ಸಂಕೋಚವಾಗಿ ಹೇಳುತ್ತೇನೆ. ಆಟ ಹಾರ್ಡ್ ಡಿಸ್ಕಿನಲ್ಲಿದ್ದರೆ ಎಸ್‌ಎಸ್‌ಡಿಗೆ ಸ್ಥಳಾಂತರಿಸಿ. ವಾಹನದಲ್ಲಿ ವೇಗವಾಗಿ ಹೋಗುವಾಗ ಬರುವ ತಡೆಗೆ ಅದು ಕಾರಣವಾಗಿರಬಹುದು. ಹೊಸ ಜಾಗಕ್ಕೆ ಮೊದಲ ಸಲ ಹೋದಾಗ ಮಾತ್ರ ತಡೆದು, ಎರಡನೆಯ ಸಲ ಸರಿಯಾಗಿದ್ದರೆ ಅದು ಆಟ ತನ್ನ ಶೇಡರ್‌ಗಳನ್ನು (ಬೆಳಕು, ಬಣ್ಣಗಳನ್ನು ಲೆಕ್ಕ ಹಾಕುವ ಸಣ್ಣ ಪ್ರೋಗ್ರಾಂಗಳನ್ನು) ಸಿದ್ಧಪಡಿಸಿಕೊಳ್ಳುತ್ತಿರುವುದು. ಡ್ರೈವರ್ (ಗ್ರಾಫಿಕ್ಸ್ ಚಿಪ್ಪನ್ನು ನಡೆಸುವ ತಂತ್ರಾಂಶ) ಬದಲಿಸಿದಾಗಲೂ ಹೀಗಾಗುತ್ತದೆ, ಅದಕ್ಕೆ ಚಿಂತಿಸಬೇಕಾಗಿಲ್ಲ.

ಇಷ್ಟೆಲ್ಲ ಆದ ಮೇಲೂ ಸಂಖ್ಯೆ 45 ಮತ್ತು 70ರ ನಡುವೆ ಓಲಾಡುತ್ತಿದ್ದರೆ, ಆಟದ ಮೆನುವಿನಲ್ಲೋ ಡ್ರೈವರ್‌ನಲ್ಲೋ 45ಕ್ಕೆ ಮಿತಿ ಹಾಕಿ. ಕಣ್ಣಿಗೆ ತೊಂದರೆ ಕೊಡುವುದು ಕಡಿಮೆ ಫ್ರೇಮ್‌ಗಳಿಗಿಂತ ಹೆಚ್ಚಾಗಿ ಒಂದೇ ಸಮನೆ ಬಾರದ ಫ್ರೇಮ್‌ಗಳು. ಸರಾಸರಿ 60 ಇದ್ದೂ ನಡುನಡುವೆ ಒಂದೊಂದು ಫ್ರೇಮ್ 80 ಮಿಲಿಸೆಕೆಂಡ್ ತೆಗೆದುಕೊಂಡರೆ ಆಟ ಆಡಲಾಗದಂತಿರುತ್ತದೆ, ಆದರೆ ಮೂಲೆಯಲ್ಲಿ ಕಾಣುವ ಸರಾಸರಿ ಸಂಖ್ಯೆ ಅದನ್ನು ತೋರಿಸುವುದೇ ಇಲ್ಲ. ಮಿತಿ ಹಾಕಿದರೆ ಶಾಖವೂ ಇಳಿಯುತ್ತದೆ.

ಪ್ರಶ್ನೆ: ಪಿಯುಸಿ ಓದುವ ನನ್ನ ಮಗ, ಮನೆಯಲ್ಲಿರುವ ಡೆಸ್ಕ್‌ಟಾಪ್‌ನಲ್ಲಿ (ಜಿಟಿಎಕ್ಸ್ 1050 ಟಿಐ, 4 ಜಿಬಿ) ಆಟ 35 ಎಫ್‌ಪಿಎಸ್ ದಾಟುವುದಿಲ್ಲ, ಹೊಸ ಗ್ರಾಫಿಕ್ಸ್ ಕಾರ್ಡ್ ಬೇಕು ಎಂದು ಹಟ ಹಿಡಿದಿದ್ದಾನೆ. ‘ಲೋ’ಗೆ ಇಳಿಸಿದರೆ ವೇಗ ಬರುತ್ತದಂತೆ, ಆದರೆ ಚಿತ್ರ ನೋಡುವ ಹಾಗಿರುವುದಿಲ್ಲವಂತೆ. ಸೆಟ್ಟಿಂಗ್ ಸರಿಪಡಿಸಿ ಸುಧಾರಿಸಬಹುದೇ?
– ಶಿಕ್ಷಕಿ, ಮಡಿಕೇರಿ

ಉತ್ತರ: ‘ಲೋ’ಗೆ ಇಳಿಸಿದಾಗ ವೇಗ ಬರುತ್ತದೆಂದರೆ ಇಲ್ಲಿ ಹೊರೆ ಬಿದ್ದಿರುವುದು ಗ್ರಾಫಿಕ್ಸ್ ಕಾರ್ಡಿನ ಮೇಲೆಯೇ. ನಿಮ್ಮ ಮಗ ಹೇಳುತ್ತಿರುವುದು ಸುಳ್ಳಲ್ಲ. 2016ರಲ್ಲಿ ಬಂದ ಆ ಕಾರ್ಡಿಗೆ ಇಂದಿನ ದೊಡ್ಡ ಆಟಗಳು ಭಾರವೇ. ಆದರೂ ಖರ್ಚಿಗೆ ಮೊದಲು ಮಾಡಬಹುದಾದದ್ದು ಬಹಳವಿದೆ. ಎಲ್ಲವನ್ನೂ ‘ಅಲ್ಟ್ರಾ’, ಎಲ್ಲವನ್ನೂ ‘ಲೋ’ ಎಂಬ ಎರಡೇ ದಾರಿಗಳಿಲ್ಲ. ಕೆಲವು ಸೆಟ್ಟಿಂಗ್‌ಗಳು ಕಣ್ಣಿಗೆ ಕಾಣದಷ್ಟು ಸಣ್ಣ ಸೊಗಸಿಗಾಗಿ ಬಹಳ ಬೆಲೆ ಕೇಳುತ್ತವೆ, ಮತ್ತೆ ಕೆಲವು ಹೆಚ್ಚುಕಡಿಮೆ ಪುಕ್ಕಟೆಯಾಗಿ ಚಿತ್ರವನ್ನು ಚಂದಗಾಣಿಸುತ್ತವೆ. ಇವನ್ನು ಬೇರ್ಪಡಿಸುವುದೇ ಕೆಲಸ, ಮತ್ತು ಮಗನಿಗೆ ಒಪ್ಪಿಸಲು ಅದು ಒಳ್ಳೆಯ ಕೆಲಸವೂ ಹೌದು: ಆಟದ ಒಂದೇ ಜಾಗದಲ್ಲಿ ನಿಂತು, ಒಂದು ಸಲಕ್ಕೆ ಒಂದೇ ಸೆಟ್ಟಿಂಗ್ ಬದಲಿಸಿ, ಎಫ್‌ಪಿಎಸ್ ಬರೆದುಕೊಳ್ಳಲಿ.

ಮೊದಲು ಇಳಿಸಬೇಕಾದದ್ದು ನೆರಳು. ನೆರಳನ್ನು ತೋರಿಸಲು ಆಟವು ಸೂರ್ಯ ಇರುವ ಕಡೆಯಿಂದ ಇಡೀ ದೃಶ್ಯವನ್ನು ಇನ್ನೊಮ್ಮೆ, ಹಲವು ಆಟಗಳಲ್ಲಿ ಮೂರು ನಾಲ್ಕು ಸಲ, ಚಿತ್ರಿಸಿಕೊಳ್ಳಬೇಕಾಗುತ್ತದೆ. ‘ಅಲ್ಟ್ರಾ’ದಿಂದ ‘ಮೀಡಿಯಂ’ಗೆ ತಂದರೆ ನೆರಳಿನ ಅಂಚು ಸ್ವಲ್ಪ ಮಸುಕಾಗುತ್ತದೆ, ಅಷ್ಟೆ. ಎರಡನೆಯದು ವಾಲ್ಯೂಮೆಟ್ರಿಕ್ ಫಾಗ್. ಬೆಳಗಿನ ಹೊತ್ತು ತೋಟದ ಸಿಲ್ವರ್ ಮರಗಳ ನಡುವೆ ಬಿಸಿಲಿಳಿಯುವಾಗ ಮಂಜಿನಲ್ಲಿ ಬೆಳಕಿನ ಕೋಲುಗಳು ಮೂಡುವುದನ್ನು ಮಡಿಕೇರಿಯವರಿಗೆ ಹೇಳಬೇಕಾಗಿಲ್ಲ. ಆಟದಲ್ಲಿ ಅದನ್ನು ತೋರಿಸುವುದು ಈ ಸೆಟ್ಟಿಂಗ್. ಅದಕ್ಕಾಗಿ ಕಣ್ಣೆದುರಿನ ಜಾಗವನ್ನೆಲ್ಲ ಸಾವಿರಾರು ಸಣ್ಣ ಕೋಣೆಗಳಾಗಿ ವಿಭಾಗಿಸಿ, ಒಂದೊಂದರಲ್ಲೂ ಎಷ್ಟು ಬೆಳಕು ಬಿತ್ತು, ಎಷ್ಟು ಚದುರಿತು ಎಂದು ಪ್ರತಿ ಫ್ರೇಮಿನಲ್ಲಿಯೂ ಲೆಕ್ಕ ಹಾಕಲಾಗುತ್ತದೆ. ಇದನ್ನು ಪೂರ್ತಿ ಆರಿಸಿದರೆ ದೃಶ್ಯ ಬರಡಾಗುತ್ತದೆಂಬುದು ನನ್ನ ಅಭಿಪ್ರಾಯ, ಆದರೆ ‘ಲೋ’ ಮತ್ತು ‘ಅಲ್ಟ್ರಾ’ಗಳ ನಡುವಿನ ವ್ಯತ್ಯಾಸವನ್ನು ಆಡುತ್ತಿರುವಾಗ ಗುರುತಿಸುವವರು ವಿರಳ. ನೀರಿನ ಪ್ರತಿಬಿಂಬ ಮತ್ತು ಹುಲ್ಲಿನ ದಟ್ಟಣೆಗೂ ಇದೇ ಮಾತು ಸಲ್ಲುತ್ತದೆ. ಆ್ಯಂಟಿ ಅಲಿಯಾಸಿಂಗ್‌ನಲ್ಲಿ (ಅಂಚುಗಳು ಹಲ್ಲುಹಲ್ಲಾಗಿ ಕಾಣದಂತೆ ನಯಗೊಳಿಸುವ ಆಯ್ಕೆ) ಎಂಎಸ್‌ಎಎ ಎಂಬ ವಿಧಾನ ಇದ್ದರೆ ಅದನ್ನು ತೆಗೆದು, ಹಗುರವಾದ ಟಿಎಎ ವಿಧಾನ ಇಡಿ.

ಇಳಿಸಬಾರದವುಗಳೂ ಇವೆ. ಟೆಕ್ಸ್ಚರ್ ಎಂದರೆ ಗೋಡೆ, ಬಟ್ಟೆ, ಮುಖಗಳ ಮೇಲ್ಮೈಯ ವಿವರ. ಕಾರ್ಡಿನ ಮೆಮೊರಿಯಲ್ಲಿ ಅದು ಹಿಡಿಯುವವರೆಗೆ ವೇಗಕ್ಕೆ ಬಹುತೇಕ ಧಕ್ಕೆಯಾಗುವುದಿಲ್ಲ. 4 ಜಿಬಿ ಮೀರಿದರೆ ಮಾತ್ರ ಆಟ ಥಟ್ಟನೆ ತಡವರಿಸಲು ಶುರುವಾಗುತ್ತದೆ, ಆದ್ದರಿಂದ ಆ ಮಿತಿಯೊಳಗೆ ಸಾಧ್ಯವಾದಷ್ಟು ಮೇಲಿಡಲಿ. ಜಿಟಿಎ 5ರಂಥ ಕೆಲವು ಆಟಗಳು ಎಷ್ಟು ಮೆಮೊರಿ ಬೇಕಾಗುತ್ತದೆಂದು ಮೆನುವಿನಲ್ಲೇ ಪಟ್ಟಿ ಎಳೆದು ತೋರಿಸುತ್ತವೆ. ಆ್ಯನಿಸೊಟ್ರಾಪಿಕ್ ಫಿಲ್ಟರಿಂಗ್ 16ರಲ್ಲೇ ಇರಲಿ. ದೂರಕ್ಕೆ ಚಾಚಿದ ರಸ್ತೆ, ನೆಲ ಅದರಿಂದ ಸ್ಪಷ್ಟವಾಗಿ ಕಾಣುತ್ತವೆ, ಬೆಲೆ ಅತ್ಯಲ್ಪ. ‘ಲೋ’ನಲ್ಲಿ ಚಿತ್ರ ನೋಡುವ ಹಾಗಿಲ್ಲ ಎಂದು ಮಗ ಹೇಳಿದ್ದು ಬಹುಶಃ ಈ ಎರಡೂ ಜೊತೆಗೆ ಇಳಿದುಹೋದದ್ದರಿಂದ.

ಇದರ ಮೇಲೂ ಸಾಲದಿದ್ದರೆ ಅಪ್‌ಸ್ಕೇಲಿಂಗ್ ಇದೆ, ಅಂದರೆ ಕಡಿಮೆ ರೆಸಲ್ಯೂಷನ್‌ನಲ್ಲಿ ಚಿತ್ರಿಸಿ ಪರದೆಯ ಅಳತೆಗೆ ಹಿಗ್ಗಿಸುವುದು. ಎನ್‌ವಿಡಿಯಾದ ಡಿಎಲ್‌ಎಸ್‌ಎಸ್‌ಗೆ ಆರ್‌ಟಿಎಕ್ಸ್ ಕಾರ್ಡ್ ಬೇಕು, ನಿಮ್ಮದರಲ್ಲಿ ಬಾರದು. ಎಎಂಡಿ 2021ರಲ್ಲಿ ತಂದ ಎಫ್‌ಎಸ್‌ಆರ್ ಹಳೆಯ ಕಾರ್ಡುಗಳಲ್ಲಿಯೂ, ಬೇರೆ ಕಂಪನಿಯ ಕಾರ್ಡುಗಳಲ್ಲಿಯೂ ಕೆಲಸ ಮಾಡುತ್ತದೆ. ಅದರ ‘ಕ್ವಾಲಿಟಿ’ ಆಯ್ಕೆಯಲ್ಲಿ 1080ರ ಪರದೆಗೆ ಆಟವನ್ನು 720ರಲ್ಲಿ ಚಿತ್ರಿಸಿ ಹಿಗ್ಗಿಸಲಾಗುತ್ತದೆ. ತೆಳುವಾದ ತಂತಿ, ಎಲೆಗಳ ಅಂಚು ಸ್ವಲ್ಪ ಮಿನುಗಿದರೂ ಬರುವ ವೇಗಕ್ಕೆ ಅದು ಸಹಿಸಬಹುದಾದ ಬೆಲೆ. ಕೊನೆಗೆ ಹೊಸ ಕಾರ್ಡನ್ನೇ ಕೊಳ್ಳುವುದಾದರೆ ಒಂದು ಎಚ್ಚರಿಕೆ: 1050 ಟಿಐ ಸುಮಾರು 75 ವ್ಯಾಟ್‌ನಲ್ಲಿ ನಡೆಯುತ್ತದೆ, ಹೊಸ ಕಾರ್ಡುಗಳಲ್ಲಿ ಹೆಚ್ಚಿನವಕ್ಕೆ ಅಷ್ಟು ಸಾಲದು. ಎಸ್‌ಎಂಪಿಎಸ್ (ಕಂಪ್ಯೂಟರಿಗೆ ವಿದ್ಯುತ್ ಒದಗಿಸುವ ಪೆಟ್ಟಿಗೆ) ಕೂಡ ಬದಲಿಸಬೇಕಾದೀತೇ ಎಂದು ಅಂಗಡಿಯಲ್ಲಿ ಮೊದಲೇ ಕೇಳಿಕೊಳ್ಳಿ.

ಪ್ರಶ್ನೆ: 144 ಹರ್ಟ್ಸ್ ಮಾನಿಟರ್ ಕೊಂಡೆ. ಹಳೆಯದಕ್ಕೂ ಇದಕ್ಕೂ ಏನೂ ವ್ಯತ್ಯಾಸ ಕಾಣುತ್ತಿಲ್ಲ.
– ಕಾಫಿ ಬೆಳೆಗಾರರು, ಸಿದ್ದಾಪುರ

ಉತ್ತರ: ಹರ್ಟ್ಸ್ ಎಂದರೆ ಪರದೆ ಸೆಕೆಂಡಿಗೆ ಎಷ್ಟು ಸಲ ಹೊಸದಾಗುತ್ತದೆ ಎಂಬ ಲೆಕ್ಕ. ವಿಂಡೋಸ್‌ನ ಡಿಸ್‌ಪ್ಲೇ ಸೆಟ್ಟಿಂಗ್ಸ್‌ನಲ್ಲಿ ಅಡ್ವಾನ್ಸ್‌ಡ್ ಡಿಸ್‌ಪ್ಲೇಗೆ ಹೋಗಿ ನೋಡಿ, ಅದು ಇನ್ನೂ 60ರಲ್ಲೇ ಇರುವ ಸಾಧ್ಯತೆ ಹೆಚ್ಚು; 144 ಎಂದು ನೀವೇ ಆರಿಸಬೇಕು. ಆ ಆಯ್ಕೆಯೇ ಕಾಣದಿದ್ದರೆ ಡಿಸ್‌ಪ್ಲೇಪೋರ್ಟ್ ಕೇಬಲ್ ಬಳಸಿ. ಕೇಬಲನ್ನು ಚುಚ್ಚಿರುವುದು ಗ್ರಾಫಿಕ್ಸ್ ಕಾರ್ಡಿಗೋ, ಮದರ್‌ಬೋರ್ಡಿಗೋ ಎಂಬುದನ್ನೂ ನೋಡಿಕೊಳ್ಳಿ. ಮದರ್‌ಬೋರ್ಡಿಗೆ ಚುಚ್ಚಿದ್ದರೆ ಆಟ ಪ್ರೊಸೆಸರ್‌ನೊಳಗಿನ ಸಣ್ಣ ಗ್ರಾಫಿಕ್ಸ್‌ನಲ್ಲಿ ಓಡುತ್ತಿರಬಹುದು.

ಪ್ರಶ್ನೆ: ವಿ-ಸಿಂಕ್ ಹಾಕಬೇಕೇ, ತೆಗೆಯಬೇಕೇ? ತೆಗೆದರೆ ಚಿತ್ರ ಅಡ್ಡಕ್ಕೆ ಸೀಳಿದಂತೆ ಕಾಣುತ್ತದೆ, ಹಾಕಿದರೆ ಎಫ್‌ಪಿಎಸ್ 60ರಿಂದ ಒಮ್ಮೆಲೇ 30ಕ್ಕೆ ಬೀಳುತ್ತದೆ.
– ಓದುಗರು, ಕುಶಾಲನಗರ

ಉತ್ತರ: ಮಾನಿಟರ್ ಪರದೆಯನ್ನು ಮೇಲಿನಿಂದ ಕೆಳಕ್ಕೆ ತುಂಬುತ್ತಿರುವ ನಡುವೆಯೇ ಹೊಸ ಫ್ರೇಮ್ ಬಂದರೆ ಮೇಲರ್ಧ ಹಳೆಯದು, ಕೆಳಗರ್ಧ ಹೊಸದಾಗಿ ಸೀಳು ಕಾಣುತ್ತದೆ. ಮಾನಿಟರ್ ಒಂದು ಸುತ್ತು ಮುಗಿಸುವವರೆಗೆ ಫ್ರೇಮನ್ನು ಕಾಯಿಸುವುದೇ ವಿ-ಸಿಂಕ್. 60 ಹರ್ಟ್ಸ್ ಪರದೆಯಲ್ಲಿ ಒಂದು ಫ್ರೇಮ್ 16.7ರ ಬದಲು 17 ಮಿಲಿಸೆಕೆಂಡ್ ತೆಗೆದುಕೊಂಡರೂ ಅದು ಮುಂದಿನ ಸುತ್ತಿನವರೆಗೆ, ಅಂದರೆ 33.3 ಮಿಲಿಸೆಕೆಂಡ್‌ವರೆಗೆ ಕಾಯಬೇಕು. ನೀವು ಕಾಣುತ್ತಿರುವ 30 ಅದೇ. ನಿಮ್ಮ ಮಾನಿಟರ್‌ನಲ್ಲಿ ಫ್ರೀಸಿಂಕ್ ಅಥವಾ ಜಿ-ಸಿಂಕ್ ಇದ್ದರೆ ಅದನ್ನು ಹಾಕಿ. ಆಗ ಮಾನಿಟರ್ ಫ್ರೇಮಿಗಾಗಿ ಕಾಯುತ್ತದೆ. ಎಫ್‌ಪಿಎಸ್ ಮಿತಿಯನ್ನು ಪರದೆಯ ಹರ್ಟ್ಸ್‌ಗಿಂತ ಮೂರು ನಾಲ್ಕು ಕಡಿಮೆ ಇಡಿ. ಅಂಥ ಮಾನಿಟರ್ ಇಲ್ಲದಿದ್ದರೆ, ಗುಂಡಿನ ಚಕಮಕಿಯ ಆಟಗಳಲ್ಲಿ ವಿ-ಸಿಂಕ್ ತೆಗೆದು ಸೀಳನ್ನು ಸಹಿಸುವುದು ಲೇಸು, ಏಕೆಂದರೆ ಕಾಯುವಿಕೆಯಿಂದ ಮೌಸಿನ ಪ್ರತಿಕ್ರಿಯೆ ನಿಧಾನವಾಗುತ್ತದೆ. ನಿಧಾನಗತಿಯ ಆಟಗಳಲ್ಲಿ ವಿ-ಸಿಂಕ್ ಇಟ್ಟುಕೊಂಡು, 60 ಸದಾ ನಿಲ್ಲುವಷ್ಟು ಸೆಟ್ಟಿಂಗ್ ಇಳಿಸಿ.

ಪ್ರಶ್ನೆ: ಆನ್‌ಲೈನ್ ಆಟದಲ್ಲಿ ಎದುರಾಳಿಗಳು ಇದ್ದಲ್ಲಿಂದ ಹಾರಿ ಬೇರೆಡೆ ಕಾಣಿಸಿಕೊಳ್ಳುತ್ತಾರೆ. ಗ್ರಾಫಿಕ್ಸ್ ಪೂರ್ತಿ ಇಳಿಸಿದ್ದೇನೆ.
– ವಿದ್ಯಾರ್ಥಿ, ಭಾಗಮಂಡಲ

ಉತ್ತರ: ಗ್ರಾಫಿಕ್ಸನ್ನು ಮೊದಲಿನಂತೆ ಏರಿಸಿಬಿಡಿ, ಅದರ ತಪ್ಪಿಲ್ಲ. ಎಫ್‌ಪಿಎಸ್ ಸ್ಥಿರವಾಗಿದ್ದೂ ಎದುರಾಳಿಗಳು ಮಾತ್ರ ಹಾರುತ್ತಿದ್ದರೆ ತೊಂದರೆ ಇಂಟರ್‌ನೆಟ್‌ನದು. ಆಟದಲ್ಲಿ ಪಿಂಗ್ (ಆಟದ ಸರ್ವರ್‌ಗೆ ಮಾಹಿತಿ ಹೋಗಿಬರಲು ಹಿಡಿಯುವ ಸಮಯ) ತೋರಿಸುವ ಆಯ್ಕೆ ಹಾಕಿಕೊಂಡು ನೋಡಿ. ವೈಫೈ ಬದಲು ಕೇಬಲ್ ಎಳೆದು, ಆಡುವಾಗ ಹಿನ್ನೆಲೆಯ ಡೌನ್‌ಲೋಡ್‌ಗಳನ್ನು ನಿಲ್ಲಿಸಿ.

ಪ್ರಶ್ನೆ: ನಮ್ಮಲ್ಲಿ ಮಳೆಗಾಲದಲ್ಲಿ ಕರೆಂಟು ಇರುವುದಕ್ಕಿಂತ ಇಲ್ಲದಿರುವುದೇ ಹೆಚ್ಚು. ಕರೆಂಟು ಹೋದ ಕೂಡಲೇ ಲ್ಯಾಪ್‌ಟಾಪ್‌ನಲ್ಲಿ ಆಟ ಸರಿಯಾಗಿ 30 ಎಫ್‌ಪಿಎಸ್‌ಗೆ ಬಂದು ನಿಲ್ಲುತ್ತದೆ. ಬ್ಯಾಟರಿ ಹಾಳಾಗಿದೆಯೇ?
– ಹೋಂಸ್ಟೇ ನಡೆಸುವವರು, ಸೋಮವಾರಪೇಟೆ

ಉತ್ತರ: ಬ್ಯಾಟರಿ ಹಾಳಾಗಿದ್ದರೆ ಸಂಖ್ಯೆ ಹೀಗೆ ಕರಾರುವಾಕ್ಕಾಗಿ 30ರಲ್ಲಿ ನಿಲ್ಲುತ್ತಿರಲಿಲ್ಲ. ಎನ್‌ವಿಡಿಯಾ ಚಿಪ್ ಇರುವ ಲ್ಯಾಪ್‌ಟಾಪ್‌ಗಳಲ್ಲಿ ಬ್ಯಾಟರಿ ಬೂಸ್ಟ್ ಎಂಬ ವ್ಯವಸ್ಥೆಯಿದ್ದು, ಅದು ಬ್ಯಾಟರಿಯ ಮೇಲೆ ಆಡುವಾಗ ಫ್ರೇಮ್ ರೇಟಿಗೆ ಮಿತಿ ಹಾಕುತ್ತದೆ. ಎನ್‌ವಿಡಿಯಾದ ಆ್ಯಪ್‌ನಲ್ಲಿ ಅದನ್ನು ತೆಗೆಯಬಹುದು, ಆದರೆ ಪೂರ್ತಿ ವೇಗ ಬರುತ್ತದೆಂದು ನಿರೀಕ್ಷಿಸಬೇಡಿ. ಅಡಾಪ್ಟರ್ ಒದಗಿಸುವಷ್ಟು ವಿದ್ಯುತ್ತನ್ನು ಬ್ಯಾಟರಿ ಒಂದೇ ಒದಗಿಸಲಾರದು, ಹೀಗಾಗಿ ಪ್ರೊಸೆಸರ್ ಮತ್ತು ಗ್ರಾಫಿಕ್ಸ್ ಎರಡೂ ತಾವಾಗಿಯೇ ತಗ್ಗುತ್ತವೆ. ಮಿತಿಯನ್ನು ಹಾಗೆಯೇ ಬಿಟ್ಟು, ಬ್ಯಾಟರಿಯಲ್ಲಿ ನಿಧಾನಗತಿಯ ಆಟಗಳನ್ನಷ್ಟೇ ಆಡುವುದು ನನಗೆ ಸರಿಯೆನಿಸುತ್ತದೆ. ಮನೆಯಲ್ಲಿ ಇನ್ವರ್ಟರ್ ಇದ್ದರೆ ಅಡಾಪ್ಟರನ್ನು ಅದರ ಲೈನಿಗೆ ಹಾಕಿ; ಲ್ಯಾಪ್‌ಟಾಪ್‌ಗೆ ಆಗ ಕರೆಂಟು ಹೋದದ್ದೇ ಗೊತ್ತಾಗುವುದಿಲ್ಲ. ಗೇಮಿಂಗ್ ಲ್ಯಾಪ್‌ಟಾಪ್ ಆಡುವಾಗ ನೂರೈವತ್ತು ವ್ಯಾಟ್‌ನ ಆಸುಪಾಸು ಎಳೆಯಬಹುದಾದ್ದರಿಂದ ಅತಿಥಿಗಳ ಕೋಣೆಯ ದೀಪ, ಫ್ಯಾನ್‌ಗಳ ಲೆಕ್ಕಕ್ಕೆ ಅದನ್ನೂ ಸೇರಿಸಿಕೊಳ್ಳಿ. ಜೊತೆಗೆ ಬಂದ ಅಡಾಪ್ಟರನ್ನೇ ಬಳಸಿ. ಫೋನ್ ಚಾರ್ಜರ್‌ನಂಥ 65 ವ್ಯಾಟ್‌ನ ಟೈಪ್-ಸಿ ಚಾರ್ಜರ್ ಹಾಕಿದರೆ ಚಾರ್ಜ್ ಆಗುತ್ತಿರುವಂತೆ ಕಂಡರೂ ಆಟದ ವೇಗ ಬ್ಯಾಟರಿಯ ಮೇಲಿದ್ದಷ್ಟೇ ಉಳಿಯಬಹುದು.