ಊಟದ ಹೊತ್ತಿಗೆ ಸ್ಕೋರ್ ಎಷ್ಟಿತ್ತು?

ನಮಸ್ಕಾರ.

ಹೆಡ್ಲಿ ವೆರಿಟಿಯ ಬಗ್ಗೆ ನೀವು ಕಳಿಸಿದ ಲೇಖನವನ್ನು ಎರಡು ಸಲ ಓದಿದೆ. ಇಂಗ್ಲೆಂಡಿನ ಯಾರ್ಕ್‌ಷೈರ್ ಕೌಂಟಿಯ ಎಡಗೈ ಸ್ಪಿನ್ನರ್ ಒಬ್ಬನ ಮೇಲೆ ಕನ್ನಡದಲ್ಲಿ ಹನ್ನೆರಡು ಪುಟ ಬರೆಯುವ ಹುಮ್ಮಸ್ಸು ನಿಮಗಿದೆ, ಸಂತೋಷ. ಅದೇ ತಂಡದ ಎಡಗೈ ಸ್ಪಿನ್ನರ್, ಮುದಿ ವಿಲ್‌ಫ್ರೆಡ್ ರೋಡ್ಸ್ ಎದ್ದು ಹೊರಡುವ ಹೊತ್ತಿಗೆ, 1930ರಲ್ಲಿ, 25 ವರ್ಷದ ವೆರಿಟಿ ಬಂದು ಆ ಜಾಗ ಹಿಡಿದ ಭಾಗ ಚೆನ್ನಾಗಿದೆ.

ಇನ್ನು ನನ್ನ ತಕರಾರು. ನಾಲ್ಕನೇ ಪುಟದಲ್ಲಿ ಹೀಗೆ ಬರೆದಿದ್ದೀರಿ: “1932ರ ಜುಲೈ 12ರಂದು ಹೆಡಿಂಗ್ಲಿಯಲ್ಲಿ ಪವಾಡ ನಡೆಯಿತು. ಮಾಂತ್ರಿಕ ಬೆರಳುಗಳ ವೆರಿಟಿ ಕೇವಲ 10 ರನ್ನಿಗೆ 10 ವಿಕೆಟ್ ಕಬಳಿಸಿ ನಾಟಿಂಗ್‌ಹ್ಯಾಮ್‌ಷೈರ್ ತಂಡವನ್ನು ಧೂಳೀಪಟ ಮಾಡಿದ.”

ಧೂಳೀಪಟವಂತೆ! ಹಿಂದಿನ ದಿನ ಗುಡುಗು ಮಳೆ ಬಂದು ನೆಲ ನೆನೆದಿತ್ತು. ಧೂಳು ಎಲ್ಲಿಂದ ಬರಬೇಕು? ಆಗೆಲ್ಲ ಆಟ ಶುರುವಾದ ಮೇಲೆ ಮಳೆ ಬಂದರೆ ಪಿಚ್ ಮುಚ್ಚುತ್ತಿರಲಿಲ್ಲ, ಅದು ನೆನೆಯುತ್ತಿತ್ತು. ನೆಂದ ಪಿಚ್ ಬಿಸಿಲಿಗೆ ಆರತೊಡಗಿದಾಗ ಚೆಂಡು ಕಚ್ಚಿಕೊಂಡು ತಿರುಗುತ್ತಿತ್ತು, ಕೆಲವೊಮ್ಮೆ ಎದೆಗೆ ಎಗರುತ್ತಿತ್ತು. ಮಳೆಯ ಒಂದು ಹನಿಯೂ ನಿಮ್ಮ ಲೇಖನದಲ್ಲಿಲ್ಲ.

ಆಮೇಲೆ “ಕೇವಲ”. 10 ರನ್ನಿಗೆ 10 ವಿಕೆಟ್ ಅಂದ ಮೇಲೆ ಅದರ ಮುಂದೆ “ಕೇವಲ” ಯಾಕೆ ಬೇಕು? ಓದುಗನಿಗೆ ಎಣಿಸಲು ಬರುತ್ತದೆ. 19.4 ಓವರಿನಲ್ಲಿ 16 ಮೇಡನ್, ಅಂದರೆ ಒಂದೂ ರನ್ ಕೊಡದ ಓವರ್, ಎನ್ನುವುದನ್ನು ಮಾತ್ರ ಬಿಟ್ಟಿದ್ದೀರಿ.

ನನಗೆ ನಿಜಕ್ಕೂ ಸಿಟ್ಟು ಬಂದಿದ್ದು “ಪವಾಡ”ದ ಮೇಲೆ. ಆ ದಿನ ಊಟದ ಹೊತ್ತಿಗೆ ಸ್ಕೋರ್ ಎಷ್ಟಿತ್ತು ಗೊತ್ತಾ? ನಾಟಿಂಗ್‌ಹ್ಯಾಮ್‌ಷೈರ್ ವಿಕೆಟ್ ಇಲ್ಲದೆ 38. ಊಟ ಮುಗಿಸಿ ಬಂದವರು 67ಕ್ಕೆ ಆಲೌಟ್. ಅಂದರೆ 29 ರನ್ನಿಗೆ ಹತ್ತೂ ವಿಕೆಟ್! ಕಥೆ ಇರುವುದೇ ಆ ಊಟದಲ್ಲಿ. ಅದನ್ನೇ ತೆಗೆದು ಬಿಸಾಕಿದ್ದೀರಿ.

ಹಾಗಾದರೆ ಎಲ್ಲ ಪಿಚ್‌ನ ಕೃಪೆಯೇ? ಅಲ್ಲ. ಅದೇ ದಿನ ಯಾರ್ಕ್‌ಷೈರಿಗೆ 139 ಬೇಕಿತ್ತು. ಆರಂಭಿಕ ಬ್ಯಾಟ್ಸ್‌ಮನ್‌ಗಳಾದ ಹೋಮ್ಸ್, ಸಟ್‌ಕ್ಲಿಫ್ ಇಬ್ಬರೇ ಹೊಡೆದು ಮುಗಿಸಿದರು, ಒಂದೂ ವಿಕೆಟ್ ಬೀಳಲಿಲ್ಲ. ಹಿಂದಿನ ವರ್ಷ ತನ್ನ ಹುಟ್ಟುಹಬ್ಬದ ದಿನವೇ ವೆರಿಟಿ ವಾರ್ವಿಕ್‌ಷೈರ್ ವಿರುದ್ಧ 36 ರನ್ನಿಗೆ ಹತ್ತೂ ವಿಕೆಟ್ ತೆಗೆದಿದ್ದ. ಕೌಂಟಿ ವೃತ್ತಿಪರನಿಗೆ ಅದು ದಿನದ ಕೆಲಸ, ಹೊಟ್ಟೆಪಾಡು. ಪವಾಡ ಅಂದುಬಿಟ್ಟರೆ ಆ ಕೆಲಸ ಕಾಣುವುದೇ ಇಲ್ಲ.

ಈ ಚಟ ನನಗೂ ಇತ್ತು. ಸಂಜೆ ಪತ್ರಿಕೆಯೊಂದರಲ್ಲಿ ಕಲಿಯುವಾಗ ಒಂದು ಲೀಗ್ ಪಂದ್ಯಕ್ಕೆ ಕಳಿಸಿದರು. ಬಸ್ ತಪ್ಪಿ ತಡವಾಗಿ ಹೋದೆ. ಸ್ಕೋರರ್ ಹತ್ತಿರ ಅಂಕಿ ಕೇಳಿ “ಬಿರುಗಾಳಿ ಬೌಲಿಂಗ್” ಅಂತ ಬರೆದು ಕೊಟ್ಟೆ. ಹಿರಿಯ ಉಪಸಂಪಾದಕರು ಕನ್ನಡಕ ಹಣೆಗೇರಿಸಿ ಕೇಳಿದರು: “ಪಿಚ್ ಮೇಲೆ ಮ್ಯಾಟ್ ಹಾಕಿದ್ರಾ, ಟರ್ಫಾ?” ನನಗೆ ಗೊತ್ತಿರಲಿಲ್ಲ. “ಗಾಳಿ ಯಾವ ಕಡೆಯಿಂದ ಇತ್ತು?” ಅದೂ ಗೊತ್ತಿರಲಿಲ್ಲ. “ಹಾಗಾದ್ರೆ ಬಿರುಗಾಳಿ ಎಲ್ಲಿಂದ ತಂದೆ?” ಇಡೀ ಡೆಸ್ಕ್ ನಕ್ಕಿತು. ನನ್ನ ಮುನ್ನೂರು ಪದ ಎರಡು ಸಾಲಾಗಿ ಅಚ್ಚಾಯಿತು. ಒಂದು ವಾರ ಅವರ ಮುಖ ನೋಡಲಿಲ್ಲ ನಾನು.

ಎರಡನೇ ತಕರಾರು ಕೊನೆಯ ಪುಟ. “ಮರಣವೆಂಬ ಅಂಪೈರ್ ಬೆರಳೆತ್ತಿದ. ಕಣ್ಮುಚ್ಚುವಾಗ ಅವನ ಕಿವಿಯಲ್ಲಿ ಹೆಡಿಂಗ್ಲಿಯ ಚಪ್ಪಾಳೆ.” ಅಲ್ಲ ಮಾರಾಯ್ರೇ, ವೆರಿಟಿ ಬೌಲರ್! ಅಂಪೈರ್ ಬೆರಳೆತ್ತಿದರೆ ಅವನಿಗೆ ಹಬ್ಬ. ಇನ್ನು ಆ ಚಪ್ಪಾಳೆ ಅವನಿಗೆ ಕೇಳಿಸಿತು ಅಂತ ನಿಮಗೆ ಯಾರು ಹೇಳಿದರು?

ಇದ್ದದ್ದು ಇಷ್ಟು. 1939ರ ಸೆಪ್ಟೆಂಬರ್ 1, ಜರ್ಮನಿ ಪೋಲೆಂಡಿನ ಮೇಲೆ ನುಗ್ಗಿದ ದಿನ. ಹೋವ್‌ನಲ್ಲಿ ಸಸೆಕ್ಸ್ ವಿರುದ್ಧ ಆರು ಓವರ್, 9 ರನ್, 7 ವಿಕೆಟ್. ಮತ್ತೆ ಅವನು ಕೌಂಟಿ ಆಡಲಿಲ್ಲ. 1943ರ ಜುಲೈನಲ್ಲಿ ಸಿಸಿಲಿಯ ಒಂದು ರಾತ್ರಿ, ಉರಿಯುತ್ತಿದ್ದ ಹೊಲದ ನಡುವೆ, ಸೈನ್ಯದಲ್ಲಿ ಕ್ಯಾಪ್ಟನ್ ಆಗಿದ್ದ ವೆರಿಟಿಯ ಎದೆಗೆ ಗಾಯವಾಯಿತು. ಶತ್ರುಗಳ ಸೆರೆಯಾದ. ಅದೇ ತಿಂಗಳ 31ರಂದು ಇಟಲಿಯ ಕಸೆರ್ಟಾದಲ್ಲಿ ತೀರಿಕೊಂಡ. ವಯಸ್ಸು 38. ಇದನ್ನು ಹೀಗೇ ಇಟ್ಟು ಸುಮ್ನೆ ಪೆನ್ನು ಕೆಳಗಿಡಿ.

ಇನ್ನೊಂದು. 1934ರಲ್ಲಿ ಅವನು ಮದ್ರಾಸಿನ ಚೇಪಾಕಿಗೆ ಬಂದು ಟೆಸ್ಟ್‌ನಲ್ಲಿ 49 ರನ್ನಿಗೆ 7 ವಿಕೆಟ್ ತೆಗೆದಿದ್ದ. ನಮ್ಮ ಓದುಗರಿಗೆ ಹತ್ತಿರದ ಸಂಗತಿ, ಅದೂ ಬಿಟ್ಟುಹೋಗಿದೆ. ಸೇರಿಸಿ.

ಈ ತಿಂಗಳ ಸಂಚಿಕೆಗೆ ಆಗುವುದಿಲ್ಲ. ತಿದ್ದಿ ಕಳಿಸಿ. ನಾಲ್ಕನೇ ಪುಟ ಊಟದ ಗಂಟೆಯಿಂದ ಶುರುವಾಗಲಿ.