ಟೆಕ್ಸಾಸ್‌ನಲ್ಲಿ ಪರ್ಮಿಟ್ ಬೇಡ ಅಂತಾರಲ್ಲ, ಎಚ್-1ಬಿಯಲ್ಲಿ ಇರುವವರೂ ಗನ್ ಇಟ್ಟುಕೊಳ್ಳಬಹುದಾ?

ನಿಮ್ಮ ಪ್ರಶ್ನೆ ನನಗೆ ಅರ್ಥವಾಗಿದ್ದು ಇಷ್ಟು. ಎಚ್-1ಬಿ ಕೆಲಸದ ವೀಸಾ ಮೇಲೆ ಡಲ್ಲಾಸ್‌ಗೆ ಬಂದಿದ್ದೀರಿ, ರಾತ್ರಿ ಒಬ್ಬರೇ ಡ್ರೈವ್ ಮಾಡಿಕೊಂಡು ಮನೆಗೆ ಬರುತ್ತೀರಿ. ಇಲ್ಲಿ ಗನ್ ಮುಚ್ಚಿಟ್ಟುಕೊಂಡು ಓಡಾಡಲು ಪರ್ಮಿಟ್ಟೇ ಬೇಡ ಅಂತ ಆಫೀಸಿನವರು ಹೇಳಿದ್ದಾರೆ. ಊರು ಕೊಡಗು, ಮನೆಯಲ್ಲಿ ಲೈಸೆನ್ಸ್ ಇಲ್ಲದೆ ಕೋವಿ ನೋಡಿಕೊಂಡೇ ಬೆಳೆದವರು, ಹಾಗಾಗಿ ಇದೇನು ಮಹಾ ಅನ್ನಿಸಿದೆ.

ತಗೊಳ್ಳಬೇಡಿ. ಆಫೀಸಿನವರು ಹೇಳಿದ್ದು ಸುಳ್ಳಲ್ಲ. ಆದರೆ ಅದು ಅವರಿಗೆ ಸರಿ, ನಿಮಗಲ್ಲ.

2021ರ ಸೆಪ್ಟೆಂಬರ್ 1ರಿಂದ ಟೆಕ್ಸಾಸ್ ತೆಗೆದುಹಾಕಿದ್ದು ರಾಜ್ಯದ ಒಂದು ಕಾಗದವನ್ನು ಮಾತ್ರ. ಯಾರು ಗನ್ ಮುಟ್ಟಬಾರದು ಅನ್ನುವ ಪಟ್ಟಿ ಇಡೀ ದೇಶಕ್ಕೆ ಅನ್ವಯಿಸುವ ಫೆಡರಲ್ ಕಾನೂನಿನಲ್ಲಿದೆ, ಅದಕ್ಕೆ ಯಾವ ರಾಜ್ಯವೂ ಕೈ ಹಚ್ಚುವ ಹಾಗಿಲ್ಲ. ಆ ಪಟ್ಟಿಯಲ್ಲಿ ಅಪರಾಧಿಗಳ ಜೊತೆಗೇ ತಾತ್ಕಾಲಿಕ ವೀಸಾದ ಮೇಲೆ ಬಂದವರೂ ಇದ್ದಾರೆ: ಎಚ್-1ಬಿ, ಎಚ್-4, ಎಫ್-1, ಎಲ್-1 ಎಲ್ಲ. ಗ್ರೀನ್ ಕಾರ್ಡಿಗಾಗಿ ಕಂಪನಿ ಹಾಕುವ ಐ-140 ಅರ್ಜಿ ಅಪ್ರೂವ್ ಆಗಿದೆ, ಗ್ರೀನ್ ಕಾರ್ಡ್ ಲೈನಿನಲ್ಲಿದ್ದೀನಿ ಅಂದರೂ ಕೇಳುವುದಿಲ್ಲ. ಕೊಂಡುಕೊಳ್ಳುವುದಷ್ಟೇ ಅಲ್ಲ, ಹತ್ತಿರ ಇಟ್ಟುಕೊಳ್ಳುವುದೂ ತಪ್ಪು. ಗನ್ನೇ ಬೇಕಿಲ್ಲ, ಒಂದೇ ಒಂದು ತೋಟಾ ಸಿಕ್ಕರೂ ಸಾಕು. ಶಿಕ್ಷೆ 15 ವರ್ಷದವರೆಗೆ ಆಗಬಹುದು, ಆಮೇಲೆ ದೇಶದಿಂದ ಹೊರಗೆ ಹಾಕುವ ಪ್ರಕ್ರಿಯೆ ಬೇರೆ.

ಕೊಡಗಿನ ವಿಷಯವನ್ನೇ ನೋಡಿ. ಅಲ್ಲಿ ಕೊಡವರಿಗೂ ವಂಶಪಾರಂಪರ್ಯವಾಗಿ ಬಂದ ಜಮ್ಮಾ ಭೂಮಿಯವರಿಗೂ ಲೈಸೆನ್ಸ್ ಬೇಡ, ನಿಜ. ಆದರೆ ಅದು 1959ರ ಶಸ್ತ್ರಾಸ್ತ್ರ ಕಾಯಿದೆಯ ಒಳಗೇ ಕೊಟ್ಟ ವಿನಾಯಿತಿ, ಸದ್ಯಕ್ಕೆ 2029ರವರೆಗೆ ಇದೆ. ಪಕ್ಕದ ಮನೆಗೆ ಬಾಡಿಗೆಗೆ ಬಂದ ಬೆಂಗಳೂರಿನವರು ಅದನ್ನೇ ತೋರಿಸಿ ಕೋವಿ ಇಟ್ಟುಕೊಳ್ಳಲು ಆಗುತ್ತಾ? ಇಲ್ಲಿ ನಿಮ್ಮ ಸ್ಥಿತಿ ಆ ಬಾಡಿಗೆಯವರದ್ದು.

ಇನ್ನು ನಿಮಗೆ ಯಾರಾದರೂ ಹೇಳಿಯೇ ಹೇಳುತ್ತಾರೆ, "ಹಂಟಿಂಗ್ ಲೈಸೆನ್ಸ್ ಮಾಡಿಸಿಬಿಡಿ, ಮುಗೀತು" ಅಂತ. ಅದು ಗಾಳಿಮಾತಲ್ಲ. ಚಾಲ್ತಿಯಲ್ಲಿರುವ ಹಂಟಿಂಗ್ ಲೈಸೆನ್ಸ್ ಇದ್ದರೆ ಈ ನಿಷೇಧದಿಂದ ವಿನಾಯಿತಿ ಇದೆ, ಅಂಗಡಿಯಲ್ಲಿ ತುಂಬಿಸುವ 4473 ಫಾರ್ಮಿನಲ್ಲೂ ಅದನ್ನು ಕೇಳುತ್ತಾರೆ. ಹಾಗೆ ತಗೊಂಡವರೂ ಇದ್ದಾರೆ. ನನಗೆ ಮಾತ್ರ ಈ ದಾರಿ ಹಿಡಿಸುವುದಿಲ್ಲ. ಟೆಕ್ಸಾಸಿನ ಹಂಟಿಂಗ್ ಲೈಸೆನ್ಸಿನ ವರ್ಷ ಆಗಸ್ಟ್ 31ಕ್ಕೆ ಮುಗಿಯುತ್ತದೆ. ನೀವು ರಿನ್ಯೂ ಮಾಡುವುದು ಮರೆತು, ಊರಿಗೆ ಹೋಗಿ ಬಂದು, ಸೆಪ್ಟೆಂಬರ್‌ನಲ್ಲಿ ಕಪಾಟು ತೆಗೆದರೆ ಅದೇ ಗನ್ ಈಗ ಫೆಡರಲ್ ಅಪರಾಧ. ಒಂದು ತಾರೀಖು ತಪ್ಪಿದ್ದಕ್ಕೆ ಇಷ್ಟು ವರ್ಷದ ವೀಸಾ ಗೋಳೆಲ್ಲ ನೀರಿಗೆ ಹೋಗಬೇಕಾ?

ಟೀಮ್ ಔಟಿಂಗ್ ಅಂತ ಶೂಟಿಂಗ್ ರೇಂಜಿಗೆ ಕರೆದುಕೊಂಡು ಹೋಗುತ್ತಾರಲ್ಲ, ಅಲ್ಲೂ ಇದೇ ನಿಯಮ. ಆ ವಿನಾಯಿತಿ ಇಲ್ಲದೆ ಗನ್ ಬಾಡಿಗೆಗೆ ಪಡೆಯುವಂತಿಲ್ಲ. ಎಷ್ಟೋ ಜನ ಫೋಟೋ ತೆಗೆಸಿ ಇನ್‌ಸ್ಟಾಗ್ರಾಮಿಗೂ ಹಾಕುತ್ತಾರೆ. ಸಾಕ್ಷಿಯನ್ನು ತಾವೇ ಕೊಟ್ಟ ಹಾಗೆ, ಅಲ್ವಾ?

ನಾನು ಹ್ಯೂಸ್ಟನ್ ಕಡೆ ಇರುವವನು, ಗ್ರೀನ್ ಕಾರ್ಡ್ ಬಂದ ಮೇಲೆಯೇ ಗನ್ ತಗೊಂಡೆ. ಪರ್ಮಿಟ್ ಬೇಡದಿದ್ದರೂ ಗನ್ ಇಟ್ಟುಕೊಂಡು ಓಡಾಡುವ ರಾಜ್ಯದ ಲೈಸೆನ್ಸ್ ಮಾಡಿಸಿದೆ. ಅದು ಇವತ್ತಿಗೂ ಕೊಡುತ್ತಾರೆ, ಫೀಸು 40 ಡಾಲರ್, ಕ್ಲಾಸಿನ ಖರ್ಚು ಬೇರೆ. ಸುಮ್ನೆ ಯಾಕೆ ಅಂದರು ಮನೆಯವರು. ಕಾರಣ ಇದೆ. ಶಾಲೆಯಿಂದ 1,000 ಅಡಿ ಒಳಗೆ ಗನ್ ಇಟ್ಟುಕೊಳ್ಳಬಾರದು ಅಂತ 1990ರ ಒಂದು ಫೆಡರಲ್ ಕಾನೂನಿದೆ. ರಾಜ್ಯದ ಲೈಸೆನ್ಸ್ ಇದ್ದವರಿಗೆ ಅದರಲ್ಲಿ ವಿನಾಯಿತಿ ಇದೆ, ಲೈಸೆನ್ಸ್ ಇಲ್ಲದವರಿಗೆ ಗುಂಡು ತೆಗೆದು ಪೆಟ್ಟಿಗೆಯಲ್ಲಿ ಬೀಗ ಹಾಕಿಟ್ಟರೆ ಮಾತ್ರ. ನಮ್ಮಂಥ ಬಡಾವಣೆಗಳಲ್ಲಿ ಶಾಲೆ ದಾಟದೆ ತರಕಾರಿ ತರಲೂ ಆಗುವುದಿಲ್ಲ! ಪರ್ಮಿಟ್ ಬೇಡ ಅಂತ ಸೊಂಟಕ್ಕೆ ಸಿಕ್ಕಿಸಿಕೊಂಡು ಹೊರಟವರಲ್ಲಿ ಎಷ್ಟು ಜನಕ್ಕೆ ಇದು ಗೊತ್ತೋ.

ಗನ್ ಒಳಗೆ ತರಬಾರದು ಅಂತ ಬಾಗಿಲ ಮೇಲೆ ಹಾಕುವ ಬೋರ್ಡುಗಳದ್ದು ಇನ್ನೊಂದು ಕಥೆ. 30.06 (ಟೆಕ್ಸಾಸ್ ಕಾನೂನಿನ ಸೆಕ್ಷನ್ ನಂಬರು) ಅನ್ನುವ ಬೋರ್ಡು ಲೈಸೆನ್ಸ್ ಇದ್ದು ಮುಚ್ಚಿಟ್ಟುಕೊಂಡು ಬರುವವರಿಗೆ. ಇಂಗ್ಲಿಷಿನಲ್ಲೂ ಸ್ಪ್ಯಾನಿಷಿನಲ್ಲೂ ಇರಬೇಕು, ಅಕ್ಷರ ಕನಿಷ್ಠ ಒಂದು ಇಂಚು ಎತ್ತರ ಇರಬೇಕು. 30.05 ಬೋರ್ಡು ಲೈಸೆನ್ಸ್ ಇಲ್ಲದವರಿಗೆ. ಹಾಗಾಗಿ ಒಂದೇ ಅಂಗಡಿಯೊಳಗೆ ಗನ್ ಇಟ್ಟುಕೊಂಡು ನಾನು ಹೋಗಬಹುದು, ನಿಮ್ಮ ಸಹೋದ್ಯೋಗಿ ಹೋಗುವಂತಿಲ್ಲ, ಹೀಗೂ ಆಗುತ್ತದೆ. ಕೆಂಪಗೆ 51% ಅಂತ ಬರೆದಿದ್ದರೆ ಅದು ಹೆಚ್ಚಾಗಿ ಹೆಂಡದಿಂದಲೇ ನಡೆಯುವ ಜಾಗ, ಅಲ್ಲಿಗೆ ಯಾರೂ ಗನ್ ತಗೊಂಡು ಹೋಗಬಾರದು.

ರಾಜ್ಯ ದಾಟಿದರೆ ಎಲ್ಲ ಬದಲು. ಪರ್ಮಿಟ್ ಬೇಡ ಅನ್ನುವ ರಾಜ್ಯಗಳು 29 ಆಗಿವೆ. ವರ್ಮಾಂಟ್‌ನಲ್ಲಿ ಪರ್ಮಿಟ್ ಅನ್ನುವುದೇ ಇರಲಿಲ್ಲ, ಅಲಾಸ್ಕಾ 2003ರಲ್ಲಿ, ಅರಿಜೋನಾ 2010ರಲ್ಲಿ ತೆಗೆದವು, 2024ರಲ್ಲಿ ಲೂಸಿಯಾನಾ ಕೂಡ ಸೇರಿತು. ಆದರೆ ಪಕ್ಕದ ನ್ಯೂ ಮೆಕ್ಸಿಕೋದಲ್ಲಿ ಗುಂಡು ತುಂಬಿದ ಗನ್ ಬಟ್ಟೆಯೊಳಗೆ ಇಟ್ಟುಕೊಂಡು ನಡೆಯಲು ಲೈಸೆನ್ಸ್ ಬೇಕು. ಇಲಿನಾಯ್ಸ್‌ನಲ್ಲಂತೂ ಗನ್ ಮುಚ್ಚಿಟ್ಟುಕೊಂಡು ನಡೆಯಲು ಟೆಕ್ಸಾಸಿನ ಲೈಸೆನ್ಸೂ ಸಾಲದು.

ನೀವು ಕೇಳಲಿಲ್ಲ, ಆದರೂ ಹೇಳುತ್ತೇನೆ. ರೂಮ್‌ಮೇಟ್ ಹತ್ತಿರ ಗನ್ ಇದ್ದು, ಇಬ್ಬರೂ ಒಂದೇ ಕಾರು ಓಡಿಸುತ್ತಿದ್ದರೆ, ಡ್ಯಾಶ್‌ಬೋರ್ಡಿನ ಡ್ರಾಯರಿನಲ್ಲಿ ಅದನ್ನು ಬಿಟ್ಟು ಹೋಗಬೇಡ ಅಂತ ಇವತ್ತೇ ಹೇಳಿ. ಪೊಲೀಸರು ನಿಲ್ಲಿಸಿದಾಗ ಸ್ಟೀರಿಂಗ್ ಹಿಂದೆ ಇರುವವರು ನೀವು, ಅದು ನಿಮ್ಮ ವಶದಲ್ಲಿತ್ತು ಅನ್ನುವ ವಾದ ಬರಬಹುದು. ಮನೆಯಲ್ಲಾದರೆ ಸೇಫಿನಲ್ಲಿ ಇಡಲಿ, ಅದರ ನಂಬರು ನಿಮಗೆ ಗೊತ್ತಿರುವುದೇ ಬೇಡ. ರಾತ್ರಿಯ ಭಯಕ್ಕೆ ಅಂಗಡಿಯಲ್ಲಿ ಸಿಗುವ ಪೆಪ್ಪರ್ ಸ್ಪ್ರೇ ಸಣ್ಣ ಡಬ್ಬಿ ಇಟ್ಟುಕೊಳ್ಳಿ, ಟೆಕ್ಸಾಸ್‌ನಲ್ಲಿ ಅದಕ್ಕೆ ತೊಂದರೆ ಇಲ್ಲ. ಇಷ್ಟಾದ ಮೇಲೂ ಗನ್ನೇ ಬೇಕು ಅನ್ನಿಸಿದರೆ ಮೊದಲು ಇಮಿಗ್ರೇಶನ್ ವಕೀಲರನ್ನು ಕೇಳಿ, ಗನ್ ಅಂಗಡಿಯವರನ್ನಲ್ಲ.